ಅಲೆಗಳೆಲ್ಲ ದಡಕ್ಕೇ ಬರುತ್ತವೆ, ಹಾಗಾದರೆ ಆ ನೀರೆಲ್ಲ ಎಲ್ಲಿಗೆ ಹೋಗುತ್ತದೆ?

ಮರಳುಗೂಡು:

ಎಲ್ಲರಿಗೂ ನಮಸ್ಕಾರ. ಇದು ನನ್ನ ಮಗಳು ಕೇಳಿದ ಪ್ರಶ್ನೆ. ಅವಳಿಗೆ ಹನ್ನೊಂದು ವರ್ಷ.

ಹೋದ ವಾರ ನಾವಿಬ್ಬರೂ ಸಮುದ್ರದ ದಡದಲ್ಲಿ ಕೂತಿದ್ದೆವು. ಅಲೆ ಒಡೆಯುವ ಜಾಗದ ಅಂಚಿನಲ್ಲಿ ಒಂದು ಮರದ ತುಂಡು ತೇಲುತ್ತಿತ್ತು. ಮುಕ್ಕಾಲು ಭಾಗ ಮುಳುಗಿ, ಬೆನ್ನು ಮಾತ್ರ ಕಾಣುತ್ತಿತ್ತು. ಈಗ ದಡಕ್ಕೆ ಬರುತ್ತೆ, ಈಗ ಬರುತ್ತೆ ಅಂತ ಕಾದೆವು. ಒಂದರ ಹಿಂದೆ ಒಂದು ಅಲೆ ಅದನ್ನು ದಾಟಿಕೊಂಡು ಬಂತು. ಮರದ ತುಂಡು ಮಾತ್ರ ಏಳುವುದು, ಇಳಿಯುವುದು, ಅಷ್ಟೇ. ಮಗಳು ನಲವತ್ತು ಅಲೆ ಎಣಿಸಿದಳು. ಆಮೇಲೆ ಅದು ನಿಧಾನವಾಗಿ ದಡದ ಗುಂಟ ಎಡಕ್ಕೆ ಸರಿಯಿತು. ಒಂದು ಜಾಗಕ್ಕೆ ಬಂದದ್ದೇ ತಡ, ಯಾರೋ ಹಗ್ಗ ಕಟ್ಟಿ ಎಳೆದ ಹಾಗೆ ಸಮುದ್ರದ ಕಡೆಗೆ ಹೊರಟೇ ಹೋಯಿತು.

"ಅಮ್ಮ, ಅಲೆ ಎಲ್ಲ ಈ ಕಡೆಗೇ ಬರ್ತಿದೆ. ಹಾಗಾದ್ರೆ ನೀರು ಇಲ್ಲೇ ತುಂಬಿಕೋಬೇಕಲ್ವಾ? ಮರ ಯಾಕೆ ಆ ಕಡೆ ಹೋಯ್ತು?" ಅಂದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಸುಮ್ನೆ ಏನೋ ಒಂದು ಹೇಳಿ ಮುಗಿಸಲು ಮನಸ್ಸಾಗಲಿಲ್ಲ. ಗೊತ್ತಿರುವವರು ದಯವಿಟ್ಟು ಬಿಡಿಸಿ ಹೇಳಿ. ನಿಮ್ಮ ಉತ್ತರಗಳನ್ನು ಅವಳಿಗೆ ಓದಿ ಹೇಳುತ್ತೇನೆ.

ನೀಲಿಬಾನು:

ಅಲೆ ಬರುವುದು ಚಂದ್ರನ ಸೆಳೆತದಿಂದ ಅಂತ ಶಾಲೆಯಲ್ಲಿ ಓದಿದ ನೆನಪು. ಚಂದ್ರ ನೀರನ್ನು ಎಳೆಯುತ್ತಾನೆ, ಬಿಡುತ್ತಾನೆ. ಅದಕ್ಕೇ ನೀರು ಬರುತ್ತದೆ, ಹೋಗುತ್ತದೆ. ಸರಿ ತಾನೇ?

ಹಳೇ ನಾವಿಕ:

ಮರಳುಗೂಡು ಅವರೇ, ನಿಮ್ಮ ಮಗಳು ಕೂತು ನಲವತ್ತು ಅಲೆ ಎಣಿಸಿದಳಲ್ಲ, ಅರ್ಧ ಉತ್ತರ ಅಲ್ಲೇ ಸಿಕ್ಕಿದೆ. ನಾನು ಇಪ್ಪತ್ತೆರಡು ವರ್ಷ ಸರಕು ಹಡಗುಗಳಲ್ಲಿ ಡೆಕ್ ಅಧಿಕಾರಿಯಾಗಿದ್ದೆ. ಅದರಲ್ಲಿ ಜಾಸ್ತಿ ವರ್ಷ ಸೆಕೆಂಡ್ ಮೇಟ್. ಸೆಕೆಂಡ್ ಮೇಟ್‌ಗೆ ಮಧ್ಯರಾತ್ರಿ ಹನ್ನೆರಡರಿಂದ ನಾಲ್ಕರ ತನಕ ಕಾವಲು, ಮತ್ತೆ ಮಧ್ಯಾಹ್ನ ಹನ್ನೆರಡರಿಂದ ನಾಲ್ಕು. ಸಮುದ್ರ ನೋಡುವುದೇ ಕೆಲಸ.

ಮೊದಲು ನೀಲಿಬಾನು ಅವರ ಮಾತು. ಚಂದ್ರನಿಂದ ಆಗುವುದು ಉಬ್ಬರ ಇಳಿತ. ಹೆಚ್ಚಿನ ಕಡೆ ದಿನಕ್ಕೆ ಎರಡು ಸಲ ನೀರು ಏರುತ್ತದೆ, ಎರಡು ಸಲ ಇಳಿಯುತ್ತದೆ. ಅದರಲ್ಲಿ ಸೂರ್ಯನ ಪಾಲೂ ಇದೆ. ಆದರೆ ದಡದಲ್ಲಿ ಕೂತವರು ಹತ್ತು ಸೆಕೆಂಡಿಗೊಂದು ಎಣಿಸುವ ಅಲೆ ಗಾಳಿಯ ಕೆಲಸ. ಎಲ್ಲೋ ಗಾಳಿ ನೀರಿನ ಮೇಲೆ ಉಜ್ಜುತ್ತದೆ. ಮೊದಲು ಸಣ್ಣ ಸುಕ್ಕು. ಸುಕ್ಕು ಎದ್ದ ಮೇಲೆ ಗಾಳಿಗೆ ತಳ್ಳಲು ಒಂದು ಬೆನ್ನು ಸಿಗುತ್ತದೆ. ಗಾಳಿ ಎಷ್ಟು ಜೋರು, ಎಷ್ಟು ಹೊತ್ತು ಬೀಸಿತು, ಎಷ್ಟು ದೂರದ ನೀರಿನ ಮೇಲೆ ಬೀಸಿತು, ಈ ಮೂರರ ಮೇಲೆ ಅಲೆಯ ಗಾತ್ರ ನಿಲ್ಲುತ್ತದೆ.

ಈಗ ಮಗಳ ಪ್ರಶ್ನೆ. ಅಲೆ ಅಂದರೆ ನೀರಿನ ಪ್ರಯಾಣ ಅಲ್ಲ. ನೀರಿನ ಮೂಲಕ ಶಕ್ತಿಯ ಪ್ರಯಾಣ. ಬೆಳೆದು ನಿಂತ ಪೈರಿನ ಮೇಲೆ ಗಾಳಿ ಬೀಸಿದರೆ ಹೊಲದ ಈ ತುದಿಯಿಂದ ಆ ತುದಿಗೆ ಅಲೆ ಓಡುತ್ತದೆ. ಪೈರು ಬೇರು ಬಿಟ್ಟು ಓಡುವುದಿಲ್ಲವಲ್ಲ. ನೀರಿನಲ್ಲಿ ಇನ್ನೂ ಸೊಗಸಾದದ್ದು ಒಂದು ನಡೆಯುತ್ತದೆ. ಅಲೆಯ ನೆತ್ತಿ ಬಂದಾಗ ನೀರು ಮುಂದಕ್ಕೆ ಹೋಗುತ್ತದೆ. ತಗ್ಗು ಬಂದಾಗ ಹಿಂದಕ್ಕೆ ಬರುತ್ತದೆ. ಏಳುವುದು, ಮುಂದೆ ಹೋಗುವುದು, ಇಳಿಯುವುದು, ಹಿಂದೆ ಬರುವುದು. ಜೈಂಟ್ ವೀಲ್‌ನಲ್ಲಿ ಕೂತವರ ಹಾಗೆ ಸುತ್ತು ಹೊಡೆದು ಹೆಚ್ಚುಕಡಿಮೆ ಹತ್ತಿದ ಜಾಗಕ್ಕೇ ಬರುತ್ತದೆ. ಆ ಮರದ ತುಂಡು ಮಾಡಿದ್ದೂ ಅದನ್ನೇ. ಪ್ರತಿ ಸುತ್ತಿಗೂ ಒಂದು ಚೂರು ಮುಂದೆ ಸರಿಯುತ್ತದೆ ನಿಜ, ಆದರೆ ಅಲೆಯ ಓಟದ ಮುಂದೆ ಅದು ಏನೇನೂ ಅಲ್ಲ.

ಕೆಳಗೆ ಹೋದ ಹಾಗೆ ಈ ಸುತ್ತು ಕಿರಿದಾಗುತ್ತದೆ. ಒಂದು ನೆತ್ತಿಯಿಂದ ಮುಂದಿನ ನೆತ್ತಿಗೆ ಎಷ್ಟು ದೂರವೋ ಅದರ ಅರ್ಧದಷ್ಟು ಆಳಕ್ಕೆ ಇಳಿದರೆ ಅಲುಗಾಟ ಬಹುತೇಕ ನಿಂತೇ ಹೋಗುತ್ತದೆ. ಮೇಲೆ ಎಂಥ ಗದ್ದಲ ಇದ್ದರೂ ಆಳದಲ್ಲಿ ಜಲಾಂತರ್ಗಾಮಿಯವರು ನೆಮ್ಮದಿಯಾಗಿರುವುದು ಇದಕ್ಕೇ.

ಒಂದು ರಾತ್ರಿಯ ಮಾತು ಹೇಳುತ್ತೇನೆ. ಹಿಂದೂ ಮಹಾಸಾಗರದ ನಡುವೆ, ಭೂಮಧ್ಯರೇಖೆಗೆ ಸ್ವಲ್ಪ ದಕ್ಷಿಣಕ್ಕೆ. ಗಾಳಿಯ ಸುಳಿವೇ ಇಲ್ಲ. ಸಮುದ್ರ ಎಣ್ಣೆ ಸುರಿದ ಹಾಗೆ ನುಣುಪು. ಆದರೂ ಹಡಗು ಈ ಮಗ್ಗುಲಿಂದ ಆ ಮಗ್ಗುಲಿಗೆ ಓಲಾಡುತ್ತಿತ್ತು. ಚಾರ್ಟ್ ಮೇಜಿನ ಮೇಲಿನ ಪೆನ್ಸಿಲ್ ಉರುಳಿ ಉರುಳಿ ಬೀಳುತ್ತಿತ್ತು. ಬೆಳದಿಂಗಳಲ್ಲಿ ನೋಡಿದರೆ ಉದ್ದುದ್ದ ದಿಬ್ಬಗಳು ದಕ್ಷಿಣದಿಂದ ಸದ್ದಿಲ್ಲದೆ ಬರುತ್ತಿದ್ದವು. ಇವಕ್ಕೆ ನಾವು ಸ್ವೆಲ್ ಅನ್ನುತ್ತೇವೆ. ಗಡಿಯಾರ ಹಿಡಿದು ಎಣಿಸಿದೆ. ಒಂದು ನೆತ್ತಿಯಿಂದ ಮುಂದಿನದಕ್ಕೆ 16 ಸೆಕೆಂಡು.

ಆಳದ ನೀರಿನಲ್ಲಿ ಇದಕ್ಕೆ ಸುಲಭದ ಲೆಕ್ಕ ಇದೆ, ಮಗಳಿಗೆ ಹೇಳಿಕೊಡಿ. ಸೆಕೆಂಡನ್ನು ಅದರಿಂದಲೇ ಗುಣಿಸಿ, ಮತ್ತೆ 1.56 ರಿಂದ ಗುಣಿಸಿದರೆ ಅಲೆಯ ಉದ್ದ ಮೀಟರ್‌ನಲ್ಲಿ ಸಿಗುತ್ತದೆ. 16 ಸೆಕೆಂಡಿಗೆ ಸುಮಾರು 400 ಮೀಟರ್. ಅಷ್ಟು ಉದ್ದವನ್ನು ಅದು 16 ಸೆಕೆಂಡಿನಲ್ಲಿ ದಾಟುತ್ತದೆ ಅಂದರೆ ಗಂಟೆಗೆ 90 ಕಿಲೋಮೀಟರ್. ಅಲೆಗಳ ಗುಂಪು ಮಾತ್ರ ಇದರ ಅರ್ಧ ವೇಗದಲ್ಲಿ ಸಾಗುತ್ತದೆ. ದಿನಕ್ಕೆ ಸಾವಿರ ಕಿಲೋಮೀಟರ್ ಚಿಲ್ಲರೆ. ಹಿಂದಿನ ದಿನಗಳ ಹವಾಮಾನ ನಕ್ಷೆ ತೆಗೆದು ನೋಡಿದೆ. ನಾಲ್ಕು ದಿನದ ಹಿಂದೆ ನಾಲ್ಕು ಸಾವಿರ ಕಿಲೋಮೀಟರ್ ದಕ್ಷಿಣಕ್ಕೆ, ಅದೇ ಸಾಗರದ ದಕ್ಷಿಣ ಭಾಗದಲ್ಲಿ ಒಂದು ದೊಡ್ಡ ಬಿರುಗಾಳಿ ಇತ್ತು. ಆ ಬಿರುಗಾಳಿ ಸತ್ತು ಹೋಗಿತ್ತು. ಅದು ಎಬ್ಬಿಸಿದ ಅಲೆ ನಮ್ಮನ್ನು ತೊಟ್ಟಿಲು ತೂಗುತ್ತಿತ್ತು. ಅವತ್ತು ಕಾವಲು ಮುಗಿದ ಮೇಲೂ ನಾನು ಹೋಗಿ ಮಲಗಲಿಲ್ಲ.

ಇದನ್ನು ಅಳೆದೇ ತೋರಿಸಿದವರು ವಾಲ್ಟರ್ ಮಂಕ್ ಎಂಬ ಸಾಗರ ವಿಜ್ಞಾನಿ. 1963ರಲ್ಲಿ ಅವರ ತಂಡ ನ್ಯೂಜಿಲೆಂಡಿನಿಂದ ಅಲಾಸ್ಕಾದವರೆಗೆ ಸಾಲಾಗಿ ಉಪಕರಣ ಇಟ್ಟು ಕಾಯಿತು. ಅಂಟಾರ್ಕ್ಟಿಕಾದ ಕಡೆಯ ಬಿರುಗಾಳಿ ಎಬ್ಬಿಸಿದ ಅಲೆಗಳು ಇಡೀ ಪ್ರಶಾಂತ ಸಾಗರ ದಾಟಿ, ಸುಮಾರು ಎರಡು ವಾರದ ಮೇಲೆ ಅಲಾಸ್ಕಾ ಮುಟ್ಟಿದವು. ಶಕ್ತಿ ಅಷ್ಟು ದೂರ ಹೋಯಿತು. ನೀರು ಅಲ್ಲಲ್ಲೇ ಸುತ್ತು ಹೊಡೆದು ಕೂತಿತು.

ದಡದ ಹತ್ತಿರ ಮಾತ್ರ ಈ ನಿಯಮ ಮುರಿಯುತ್ತದೆ. ಆಳ ಕಡಿಮೆಯಾದಾಗ ಅಲೆಯ ಬುಡಕ್ಕೆ ನೆಲ ತಾಗುತ್ತದೆ. ಬುಡ ನಿಧಾನವಾಗುತ್ತದೆ, ಹಿಂದಿನ ಅಲೆ ಹತ್ತಿರ ಬರುತ್ತದೆ, ಎತ್ತರ ಏರುತ್ತದೆ. ಅಲೆಯ ಎತ್ತರ ನೀರಿನ ಆಳದ ಮುಕ್ಕಾಲಿನಷ್ಟಾದಾಗ ನೆತ್ತಿ ಮುಂದಕ್ಕೆ ಬಾಗಿ ಒಡೆಯುತ್ತದೆ. ಆಗ ನಿಜವಾಗಿ ನೀರು ದಡಕ್ಕೆ ನುಗ್ಗುತ್ತದೆ. ಹಾಗೆ ನುಗ್ಗಿದ ನೀರು ವಾಪಸ್ ಹೋಗಲೇಬೇಕು. ನಿಮ್ಮ ಮರದ ತುಂಡು ಆ ವಾಪಸ್ ಹೋಗುವ ದಾರಿಗೆ ಸಿಕ್ಕಿರಬೇಕು.

ಮರಳುಗೂಡು:

ಸರ್, ತುಂಬಾ ಧನ್ಯವಾದ. ಮಗಳು ಆ ಲೆಕ್ಕವನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಳು. ಒಂದು ವಿಷಯ ಬರೆಯಲು ಮರೆತಿದ್ದೆ. ಮರದ ತುಂಡು ಹೊರಗೆ ಹೋದ ಜಾಗದಲ್ಲಿ ಅಲೆ ಅಷ್ಟಾಗಿ ಒಡೆಯುತ್ತಲೇ ಇರಲಿಲ್ಲ. ಎರಡೂ ಪಕ್ಕ ಬೆಳ್ಳಗೆ ನೊರೆ, ನಡುವೆ ಮಾತ್ರ ಸ್ವಲ್ಪ ಕಪ್ಪಾದ ಶಾಂತ ನೀರು. ಅಲ್ಲೇ ಸುರಕ್ಷಿತ ಅಂತ ಅಂದುಕೊಂಡು ನಾವಿಬ್ಬರೂ ಮೊದಲು ಕಾಲು ನೆನೆಸಿದ್ದು ಆ ಜಾಗದಲ್ಲೇ.

ಈಜು ಕಲಿಸುವವಳು:

ಮರಳುಗೂಡು, ನಿಮ್ಮ ಕೊನೆಯ ಸಾಲು ಓದಿ ಎದೆ ಝಲ್ ಅಂದಿತು. ಅದಕ್ಕೇ ಕೂಡಲೇ ಬರೆಯುತ್ತಿದ್ದೇನೆ. ನೀವು ನೋಡಿದ್ದು ರಿಪ್ ಕರೆಂಟ್. ದಡಕ್ಕೆ ನುಗ್ಗಿದ ನೀರು ದಡದ ಗುಂಟ ಹರಿದು, ಮರಳು ದಿಬ್ಬಗಳ ನಡುವೆ ಎಲ್ಲಿ ತಗ್ಗು ಇದೆಯೋ ಅಲ್ಲಿ ಸೇರಿಕೊಂಡು, ಒಂದು ಕಿರಿದಾದ ಹೊಳೆಯ ಹಾಗೆ ಸಮುದ್ರಕ್ಕೆ ವಾಪಸ್ ಹೋಗುತ್ತದೆ. ತಗ್ಗಿನಲ್ಲಿ ಆಳ ಜಾಸ್ತಿ, ಅದಕ್ಕೇ ಅಲೆ ಒಡೆಯುವುದಿಲ್ಲ. ಅದಕ್ಕೇ ಶಾಂತವಾಗಿ ಕಾಣುತ್ತದೆ. ಜನ ಅಲ್ಲೇ ಇಳಿಯುತ್ತಾರೆ. ನಾನು ಸಮುದ್ರದಲ್ಲಿ ಈಜು ಕಲಿಸಲು ಶುರುಮಾಡಿ ಹದಿನಾಲ್ಕು ವರ್ಷ ಆಯಿತು. ಮೊದಲ ದಿನ ಯಾರನ್ನೂ ನೀರಿಗೆ ಇಳಿಸುವುದಿಲ್ಲ. ದಡದಲ್ಲಿ ಕೂರಿಸಿ, ನೊರೆ ಇಲ್ಲದ ಆ ಸಂದನ್ನು ಅವರೇ ಹುಡುಕಿ ತೋರಿಸುವ ತನಕ ಕಾಯುತ್ತೇನೆ.

ಇದರ ವೇಗ ಸಾಮಾನ್ಯವಾಗಿ ಸೆಕೆಂಡಿಗೆ ಅರ್ಧ ಮೀಟರ್‌ನಷ್ಟು. ಕೆಲವು ಸಲ 2 ಮೀಟರ್ ದಾಟುತ್ತದೆ. ಎಂಥ ಈಜುಗಾರನೂ ಅದರ ಎದುರು ಬಹಳ ಹೊತ್ತು ಈಜಲಾರ. ಸಿಕ್ಕಿಕೊಂಡವರು ದಡ ಕಾಣುತ್ತಿದೆ ಅಂತ ನೇರ ದಡಕ್ಕೇ ಈಜುತ್ತಾರೆ, ಸುಸ್ತಾಗುತ್ತಾರೆ, ಮುಳುಗುತ್ತಾರೆ. ಅದು ಕೆಳಕ್ಕೆ ಎಳೆಯುವುದಿಲ್ಲ, ಹೊರಕ್ಕೆ ಎಳೆಯುತ್ತದೆ ಅಷ್ಟೇ. ಸಿಕ್ಕಿಕೊಂಡರೆ ಮೊದಲು ತೇಲಿ. ಉಸಿರು ಸರಿಮಾಡಿಕೊಳ್ಳಿ. ಕೈ ಎತ್ತಿ ಕೂಗಿ. ಶಕ್ತಿ ಇದ್ದರೆ ದಡಕ್ಕೆ ಸಮಾನಾಂತರವಾಗಿ, ಅಂದರೆ ಅಡ್ಡಕ್ಕೆ ಈಜಿ. ಆ ಹೊಳೆ ಅಗಲ ಕಡಿಮೆ, ಬೇಗ ದಾಟಬಹುದು. ನೊರೆ ಇರುವ ಕಡೆಗೆ ಬಂದ ಮೇಲೆ ಅಲೆಗಳೇ ನಿಮ್ಮನ್ನು ದಡಕ್ಕೆ ತಳ್ಳುತ್ತವೆ. ಬೇರೆ ಯಾರಾದರೂ ಸಿಕ್ಕಿಕೊಂಡರೆ ಬರಿಗೈಯಲ್ಲಿ ಹಾರಬೇಡಿ. ಮುಚ್ಚಿದ ಖಾಲಿ ಕ್ಯಾನ್, ಚೆಂಡು, ತೇಲುವಂಥದ್ದು ಏನಾದರೂ ಎಸೆಯಿರಿ.

ಮಗಳಿಗೆ ಇದನ್ನು ಎರಡು ಸಲ ಓದಿ ಹೇಳಿ.

ಮರಳುಗೂಡು:

ಮೇಡಂ, ಎರಡಲ್ಲ, ಮೂರು ಸಲ ಓದಿದೆ. ಈಗ ಅವಳೇ ನನಗೆ ಒಪ್ಪಿಸುತ್ತಿದ್ದಾಳೆ. ಅವಳ ಮುಂದಿನ ಪ್ರಶ್ನೆ: ಅಲೆ ನೀರನ್ನು ದೂರ ಒಯ್ಯುವುದಿಲ್ಲ, ರಿಪ್ ಕೂಡ ಸ್ವಲ್ಪ ಆಚೆಗೆ ಬಿಟ್ಟುಬಿಡುತ್ತದೆ. ಹಾಗಾದರೆ ಸಮುದ್ರದ ನೀರು ನಿಜವಾಗಿ ದೂರ ಹೋಗುವುದೇ ಇಲ್ವಾ?

ಹಳೇ ನಾವಿಕ:

ಹೋಗುತ್ತದೆ. ಬಹಳ ದೂರ ಹೋಗುತ್ತದೆ. ಪುಸ್ತಕದಲ್ಲಿ ಅದನ್ನು ಸಾಗರ ಪ್ರವಾಹ ಅನ್ನುತ್ತಾರೆ. ಪ್ರವಾಹ ಅಂದರೆ ನಮಗೆ ನೆರೆ ನೆನಪಾಗುತ್ತದೆ, ಹಾಗಾಗಿ ನಾನು ಸೆಳವು ಅನ್ನುತ್ತೇನೆ.

ಹಡಗಿನಲ್ಲಿ ಎರಡು ವೇಗ ತೋರಿಸುವ ಉಪಕರಣ ಇರುತ್ತವೆ. ಒಂದು, ನೀರಿಗೆ ಹೋಲಿಸಿದರೆ ಎಷ್ಟು ವೇಗ ಅಂತ. ಇನ್ನೊಂದು ಜಿಪಿಎಸ್, ನೆಲಕ್ಕೆ ಹೋಲಿಸಿದರೆ ಎಷ್ಟು ಅಂತ. ಎರಡರ ವ್ಯತ್ಯಾಸವೇ ಸೆಳವು. ಆಫ್ರಿಕಾದ ಆಗ್ನೇಯ ದಡದ ಗುಂಟ ಅಗುಲ್ಹಾಸ್ ಸೆಳವು ನೈರುತ್ಯಕ್ಕೆ ಹರಿಯುತ್ತದೆ. ನಾನು ಅಲ್ಲಿ ಕೇಪ್ ಆಫ್ ಗುಡ್ ಹೋಪ್ ಕಡೆಗೆ ಹೋಗುವಾಗ ನೀರಿಗೆ ಹೋಲಿಸಿದ ವೇಗ 13 ನಾಟ್ (ಒಂದು ನಾಟ್ ಅಂದರೆ ಗಂಟೆಗೆ ಸುಮಾರು 1.85 ಕಿಲೋಮೀಟರ್), ಜಿಪಿಎಸ್‌ನಲ್ಲಿ 17. ಇಂಜಿನ್ ಅದೇ, ಎಣ್ಣೆ ಅಷ್ಟೇ. ನಾಲ್ಕು ನಾಟ್ ಸಮುದ್ರವೇ ಕೊಟ್ಟದ್ದು. ವಾಪಸ್ ಬರುವಾಗ ಅದೇ ಜಾಗದಲ್ಲಿ ಹೋದರೆ 13ರ ಬದಲು 9. ಅದಕ್ಕೇ ಬರುವಾಗ ನಾವು ಬೇರೆ ದಾರಿ ಹಿಡಿಯುತ್ತಿದ್ದೆವು.

ಅಲ್ಲೇ ಅಲೆ ಮತ್ತು ಸೆಳವು ಒಂದಕ್ಕೊಂದು ಎದುರಾದರೆ ಏನಾಗುತ್ತದೆ ಅಂತಲೂ ನೋಡಿದೆ. ನೈರುತ್ಯದಿಂದ ಬಿರುಗಾಳಿ ಎದ್ದರೆ ಅದರ ಅಲೆಗಳು ಸೆಳವಿಗೆ ಎದುರಾಗಿ ಬರುತ್ತವೆ. ಎದುರು ನೀರಿಗೆ ಸಿಕ್ಕ ಅಲೆ ಮೋಟಾಗುತ್ತದೆ, ಕಡಿದಾಗುತ್ತದೆ, ಗೋಡೆಯ ಹಾಗೆ ಏಳುತ್ತದೆ. ಅದರ ಮುಂದೆ ಆಳವಾದ ಕುಳಿ. ದೊಡ್ಡ ಹಡಗುಗಳ ಮೂತಿಯನ್ನೇ ಅದು ಮುರಿದಿದೆ. ಅಂಥ ಹೊತ್ತಿನಲ್ಲಿ 200 ಮೀಟರ್ ಆಳದ ಗೆರೆಯಿಂದ ಒಳಕ್ಕೆ, ದಡದ ಕಡೆಗೆ ಸರಿದುಬಿಡಿ ಅಂತ ನಾವಿಕರಿಗೆ ಬುದ್ಧಿ ಹೇಳುತ್ತಾರೆ, ಅಲ್ಲಿ ಸೆಳವು ಕಡಿಮೆ. ನನ್ನ ಮೊದಲ ವರ್ಷಗಳ ಕ್ಯಾಪ್ಟನ್ ಒಬ್ಬರು ಚಾರ್ಟ್ ಮೇಲೆ ಆ ಗೆರೆಯನ್ನು ಕೆಂಪು ಪೆನ್ಸಿಲ್‌ನಲ್ಲಿ ತಿದ್ದಿ, ಇದರ ಒಳಗೆ ಇರು ಅಂದಿದ್ದರು. ಅವರ ಆ ಮಾತಿಗೆ ನಾನು ಇವತ್ತಿಗೂ ಋಣಿ.

ಸೆಳವಿನ ಕಥೆಯಲ್ಲಿ ನನಗೆ ಬಹಳ ಇಷ್ಟವಾದದ್ದು ಬೆಂಜಮಿನ್ ಫ್ರಾಂಕ್ಲಿನ್ ಅವರದ್ದು. 1760ರ ದಶಕದ ಕೊನೆ. ಅಮೆರಿಕದ ವಸಾಹತುಗಳ ಅಂಚೆಯ ಹೊಣೆ ಅವರ ಮೇಲಿತ್ತು. ಇಂಗ್ಲೆಂಡಿನಿಂದ ಅಮೆರಿಕಕ್ಕೆ ಬರುವ ಅಂಚೆ ಹಡಗು, ಸಾದಾ ಸರಕು ಹಡಗಿಗಿಂತ ವಾರಗಟ್ಟಲೆ ತಡವಾಗಿ ಬರುತ್ತದೆ ಅಂತ ದೂರು. ಅವರು ತಿಮಿಂಗಿಲ ಬೇಟೆಗೆ ಹೆಸರಾದ ಅಮೆರಿಕದ ನಾಂಟಕೆಟ್ ದ್ವೀಪದ ನಾವಿಕ, ತಮ್ಮ ಸಂಬಂಧಿ ತಿಮೊತಿ ಫೋಲ್ಗರ್ ಅವರನ್ನು ಕೇಳಿದರು. ಫೋಲ್ಗರ್‌ಗೆ ಉತ್ತರ ಗೊತ್ತಿತ್ತು. ತಿಮಿಂಗಿಲ ಬೇಟೆಯವರು ಅಮೆರಿಕದ ಪೂರ್ವ ದಡದ ಗುಂಟ ಉತ್ತರಕ್ಕೆ ಹರಿಯುವ ಗಲ್ಫ್ ಸ್ಟ್ರೀಮ್ ಎಂಬ ಬೆಚ್ಚನೆಯ ಸೆಳವಿನ ಅಂಚಿನಲ್ಲೇ ತಿರುಗುವವರು, ತಿಮಿಂಗಿಲಗಳು ಅದರ ಅಂಚಿನಲ್ಲೇ ಇರುತ್ತವೆ. ಅವರು ಆ ಸೆಳವನ್ನು ದಾಟುವಾಗ ಅಂಚೆ ಹಡಗುಗಳು ಅದರ ನಡುವೆ ಎದುರೀಜು ಈಜುತ್ತಿದ್ದವಂತೆ. ಪಕ್ಕಕ್ಕೆ ಸರಿಯಿರಿ ಅಂತ ಹೇಳಿದರೂ ಕ್ಯಾಪ್ಟನ್‌ಗಳು ಕೇಳುತ್ತಿರಲಿಲ್ಲ. ಫೋಲ್ಗರ್ ಸೆಳವನ್ನು ನಕ್ಷೆಯ ಮೇಲೆ ಬರೆದುಕೊಟ್ಟರು, ಫ್ರಾಂಕ್ಲಿನ್ ಅಚ್ಚು ಹಾಕಿಸಿದರು. ಓದಿದವರಿಗಿಂತ ಮೊದಲು ನೀರಿನ ಮೇಲೆ ಬದುಕಿದವರಿಗೆ ಅದು ಗೊತ್ತಿತ್ತು.

ಆ ಸೆಳವು ಎಷ್ಟು ದೊಡ್ಡದು ಅಂದರೆ, ಫ್ಲೋರಿಡಾದ ಹತ್ತಿರ ಸೆಕೆಂಡಿಗೆ ಸುಮಾರು 3 ಕೋಟಿ ಘನ ಮೀಟರ್ ನೀರು ಹರಿಯುತ್ತದೆ. ಭೂಮಿಯ ಎಲ್ಲ ನದಿಗಳನ್ನು ಒಟ್ಟುಗೂಡಿಸಿದರೂ ಸೆಕೆಂಡಿಗೆ ಸುಮಾರು 12 ಲಕ್ಷ. ಇಪ್ಪತ್ತು ಪಟ್ಟಿಗೂ ಜಾಸ್ತಿ. ನಾವು ಆರು ಗಂಟೆಗೊಮ್ಮೆ ಸಮುದ್ರದ ನೀರಿನ ಉಷ್ಣತೆ ಬರೆದು ಹವಾಮಾನದವರಿಗೆ ಕಳಿಸುತ್ತಿದ್ದೆವು. ಉತ್ತರದಿಂದ ಬಂದು ಗಲ್ಫ್ ಸ್ಟ್ರೀಮ್ ಒಳಗೆ ಹೊಕ್ಕ ಒಂದು ರಾತ್ರಿ, ನನ್ನ ನಾಲ್ಕು ಗಂಟೆಯ ಕಾವಲಿನಲ್ಲೇ ನೀರು 12 ಡಿಗ್ರಿಯಿಂದ 21ಕ್ಕೆ ಏರಿತು. ಹೊರಗೆ ಹೋದರೆ ಗಾಳಿಯ ವಾಸನೆಯೇ ಬೇರೆ.

ಇವೆಲ್ಲ ಹೇಗೆ ಹುಟ್ಟುತ್ತವೆ? ಮೇಲಿನ ಸೆಳವುಗಳಿಗೆ ಮುಖ್ಯವಾಗಿ ಗಾಳಿಯೇ ಕಾರಣ. ಆದರೆ ನೀರು ಗಾಳಿ ಹೋದ ಕಡೆಗೇ ಹೋಗುವುದಿಲ್ಲ. 1893ರಿಂದ 96ರ ತನಕ ನಾರ್ವೆಯ ಅನ್ವೇಷಕ ನಾನ್ಸೆನ್ ತಮ್ಮ ಫ್ರಾಮ್ ಹಡಗನ್ನು ಆರ್ಕ್ಟಿಕ್ ಮಂಜುಗಡ್ಡೆಯಲ್ಲಿ ಬೇಕೆಂದೇ ಸಿಕ್ಕಿಸಿ ತೇಲಲು ಬಿಟ್ಟಿದ್ದರು. ಮಂಜುಗಡ್ಡೆ ಯಾವಾಗಲೂ ಗಾಳಿಯ ದಿಕ್ಕಿಗಿಂತ ಬಲಕ್ಕೆ ಸರಿಯುತ್ತಿತ್ತು. ಯಾಕೆ ಅಂತ ಲೆಕ್ಕ ಹಾಕಿದವರು ಎಕ್ಮನ್ ಎಂಬ ತರುಣ. ಭೂಮಿ ಸುತ್ತುತ್ತಿರುವುದರಿಂದ ದೂರ ಹೋಗುವ ನೀರು ಉತ್ತರಾರ್ಧದಲ್ಲಿ ಬಲಕ್ಕೆ, ದಕ್ಷಿಣಾರ್ಧದಲ್ಲಿ ಎಡಕ್ಕೆ ತಿರುಗುತ್ತದೆ. (ಬಚ್ಚಲಿನ ನೀರು ಸುತ್ತುವುದು ಇದರಿಂದ ಅಲ್ಲ. ಅಷ್ಟು ಚಿಕ್ಕ ಜಾಗದಲ್ಲಿ ಇದರ ಆಟ ನಡೆಯುವುದಿಲ್ಲ.) ಗಾಳಿ, ಈ ತಿರುವು, ಅಡ್ಡ ನಿಂತ ಖಂಡಗಳು, ಮೂರೂ ಸೇರಿ ಪ್ರತಿ ಮಹಾಸಾಗರದಲ್ಲೂ ಸಾವಿರಾರು ಕಿಲೋಮೀಟರ್ ಅಗಲದ ಚಕ್ರಗಳಾಗುತ್ತವೆ. ಚಕ್ರದ ಪಶ್ಚಿಮ ಅಂಚಿನಲ್ಲಿ ಸೆಳವು ಕಿರಿದಾಗಿ, ಜೋರಾಗಿ ಹರಿಯುತ್ತದೆ. ಗಲ್ಫ್ ಸ್ಟ್ರೀಮ್, ಅಗುಲ್ಹಾಸ್, ಜಪಾನಿನ ಬಳಿಯ ಕುರೋಶಿಯೊ, ಎಲ್ಲವೂ ಹಾಗೆಯೇ. ಭೂಮಧ್ಯರೇಖೆಯಿಂದ ಧ್ರುವದ ಕಡೆಗೆ ಹೋದಂತೆ ಆ ತಿರುವಿನ ಬಲ ಬದಲಾಗುತ್ತದೆ, ಅದೇ ಕಾರಣ ಅಂತ 1948ರಲ್ಲಿ ಸಾಗರ ವಿಜ್ಞಾನಿ ಸ್ಟೊಮ್ಮೆಲ್ ತೋರಿಸಿದರು.

ಹಿಂದೂ ಮಹಾಸಾಗರದ ಉತ್ತರ ಭಾಗ ಮಾತ್ರ ಬೇರೆಯೇ ಲೋಕ. ಅಲ್ಲಿ ಮುಂಗಾರು ಬಂದರೆ ಸೆಳವೇ ತಿರುಗಿ ನಿಲ್ಲುತ್ತದೆ. ಸೊಮಾಲಿಯಾದ ಗುಂಟ ಚಳಿಗಾಲದಲ್ಲಿ ದಕ್ಷಿಣಕ್ಕೆ ಹರಿಯುವ ನೀರು ಜೂನ್ ಹೊತ್ತಿಗೆ ಉತ್ತರಕ್ಕೆ ನುಗ್ಗುತ್ತದೆ. ಆಳದ ತಣ್ಣೀರು ಮೇಲಕ್ಕೆ ಬರುತ್ತದೆ, ಅದರ ಜೊತೆ ಗೊಬ್ಬರದಂಥ ಪೋಷಕಾಂಶಗಳು ಬರುತ್ತವೆ, ಸಮುದ್ರ ಹಸಿರಾಗುತ್ತದೆ, ಮೀನು ಬರುತ್ತದೆ.

ಮಗಳಿಗೆ ಇಷ್ಟವಾಗುವ ಒಂದು ಘಟನೆ. 1992ರ ಜನವರಿಯಲ್ಲಿ ಪ್ರಶಾಂತ ಸಾಗರದ ನಡುವೆ ಒಂದು ಹಡಗಿನಿಂದ ಕಂಟೇನರ್‌ಗಳು ಬಿದ್ದವು. ಒಂದರಲ್ಲಿ ಸ್ನಾನದ ತೊಟ್ಟಿಯ ಆಟಿಕೆಗಳು, ಸುಮಾರು 28,800. ಹಳದಿ ಬಾತುಕೋಳಿ, ನೀಲಿ ಆಮೆ, ಹಸಿರು ಕಪ್ಪೆ, ಕೆಂಪು ಬೀವರ್. ಹತ್ತು ತಿಂಗಳಾದ ಮೇಲೆ ಅವು ಅಲಾಸ್ಕಾದ ಸಿಟ್ಕಾ ದಡಕ್ಕೆ ಬರತೊಡಗಿದವು. ಕರ್ಟಿಸ್ ಎಬ್ಸ್‌ಮೇಯರ್ ಎಂಬ ಸಾಗರ ವಿಜ್ಞಾನಿ ದಡದಲ್ಲಿ ಅಡ್ಡಾಡುವ ಜನರಿಂದ ಸುದ್ದಿ ಕೂಡಿಸಿ ಕೂಡಿಸಿ, ಉತ್ತರ ಪ್ರಶಾಂತ ಸಾಗರದ ಆ ಚಕ್ರ ಒಂದು ಸುತ್ತು ಹಾಕಲು ಸುಮಾರು ಮೂರು ವರ್ಷ ಬೇಕು ಅಂತ ಕಂಡುಕೊಂಡರು.

ಇದೆಲ್ಲ ಮೇಲಿನ ನೀರಿನ ಮಾತು. ಆಳದ್ದು ನಾನು ಕಣ್ಣಾರೆ ಕಂಡಿಲ್ಲ. ಗೊತ್ತಿರುವವರು ಮುಂದುವರಿಸಲಿ.

ಉಪ್ಪು ಅಳೆಯುವವ:

ನಾನು ಸಂಶೋಧನಾ ಹಡಗಿನಲ್ಲಿ ತಂತ್ರಜ್ಞನಾಗಿ ಹೋಗುತ್ತಿದ್ದೆ. ಸಿಟಿಡಿ ಅಂತ ಒಂದು ಉಪಕರಣ ಇದೆ. ಕಬ್ಬಿಣದ ಚೌಕಟ್ಟು, ಸುತ್ತಲೂ 24 ಉದ್ದನೆಯ ಬಾಟಲಿಗಳು, ನಡುವೆ ಉಪ್ಪು, ಉಷ್ಣತೆ, ಆಳ ಅಳೆಯುವ ಸಂವೇದಕಗಳು. ಅದನ್ನು ಸೆಕೆಂಡಿಗೆ ಒಂದು ಮೀಟರ್ ಲೆಕ್ಕದಲ್ಲಿ ಇಳಿಸುತ್ತೇವೆ. 4,000 ಮೀಟರ್ ಇಳಿಯಲು ಒಂದು ಗಂಟೆ ದಾಟುತ್ತದೆ. ಮೊದಲ ಸಲ ಹೋದವರು ಥರ್ಮೊಕೋಲ್ ಲೋಟದ ಮೇಲೆ ಹೆಸರು ಬರೆದು ಅದಕ್ಕೆ ಕಟ್ಟಿ ಕಳಿಸುತ್ತಾರೆ. ಕೆಳಗಿನ ಒತ್ತಡ ಮೇಲಿನದರ 400 ಪಟ್ಟು. ಲೋಟ ಹೆಬ್ಬೆರಳಿನಷ್ಟಾಗಿ ವಾಪಸ್ ಬರುತ್ತದೆ. ನನ್ನದು ಈಗಲೂ ನನ್ನ ಮೇಜಿನ ಮೇಲಿದೆ.

ಭೂಮಧ್ಯರೇಖೆಯ ಹತ್ತಿರ, ಮಧ್ಯಾಹ್ನದ ಉರಿ ಬಿಸಿಲು. ಮೇಲಿನ ನೀರು 29 ಡಿಗ್ರಿ. 4,000 ಮೀಟರ್‌ನಲ್ಲಿ 2 ಡಿಗ್ರಿಗಿಂತ ಕಡಿಮೆ ಅಂತ ಪರದೆ ತೋರಿಸುತ್ತಿತ್ತು. ಬಾಟಲಿ ಮೇಲೆ ಬಂದಾಗ ನಲ್ಲಿ ತಿರುಗಿಸಿ ಕೈ ಒಡ್ಡಿದೆ. ದಾರಿಯಲ್ಲಿ ಸ್ವಲ್ಪ ಬೆಚ್ಚಗಾಗಿದ್ದರೂ ಫ್ರಿಜ್‌ನಿಂದ ತೆಗೆದ ಹಾಗೆ ಕೊರೆಯುತ್ತಿತ್ತು. ಅಷ್ಟು ಬಿಸಿಲಿನ ಕೆಳಗೆ ಅಷ್ಟು ತಣ್ಣಗಿನ ನೀರು ಎಲ್ಲಿಂದ ಬಂತು? ಈ ಪ್ರಶ್ನೆ ಹಳೆಯದು. 1751ರಲ್ಲಿ ಹೆನ್ರಿ ಎಲಿಸ್ ಎಂಬ ಕ್ಯಾಪ್ಟನ್, ಗುಲಾಮರನ್ನು ಸಾಗಿಸುವ ಹಡಗಿನಲ್ಲಿ ಹೋಗುತ್ತಾ, ಅಟ್ಲಾಂಟಿಕ್‌ನ ಬೆಚ್ಚನೆಯ ಭಾಗದಲ್ಲಿ ಮುಚ್ಚಳದ ಬಕೆಟ್ ಇಳಿಸಿ ಆಳದ ನೀರು ತೆಗೆದ. ತಣ್ಣಗಿತ್ತು. ಅವನು ಅದರಲ್ಲಿ ತನ್ನ ವೈನ್ ತಂಪು ಮಾಡಿಕೊಂಡ. ಈ ತಣ್ಣೀರು ಧ್ರುವಗಳ ಕಡೆಯಿಂದಲೇ ಬರಬೇಕು ಅಂತ ಆ ಶತಮಾನದ ಕೊನೆಗೆ ರಮ್‌ಫರ್ಡ್ ಎಂಬ ವಿಜ್ಞಾನಿ ಬರೆದರು. ಅದು ನಿಜವಾಗಿತ್ತು.

ಧ್ರುವದ ಹತ್ತಿರ ಸಮುದ್ರ ಹೆಪ್ಪುಗಟ್ಟುವಾಗ ಬಹುಪಾಲು ಉಪ್ಪು ಮಂಜುಗಡ್ಡೆಯೊಳಗೆ ಸೇರುವುದಿಲ್ಲ, ಹೊರಗೆ ತಳ್ಳಲ್ಪಡುತ್ತದೆ. ಉಳಿದ ನೀರು ಇನ್ನಷ್ಟು ಉಪ್ಪಾಗುತ್ತದೆ. ತಣ್ಣಗೆ, ಉಪ್ಪಾಗಿ, ಭಾರವಾಗಿ ಮುಳುಗುತ್ತದೆ. ಅಂಟಾರ್ಕ್ಟಿಕಾದ ವೆಡ್ಡೆಲ್ ಸಮುದ್ರದಲ್ಲಿ ಹೀಗಾಗುತ್ತದೆ. ಉತ್ತರ ಅಟ್ಲಾಂಟಿಕ್‌ನಲ್ಲಿ, ಗಲ್ಫ್ ಸ್ಟ್ರೀಮ್ ಕಡೆಯಿಂದ ಬಂದ ಉಪ್ಪುನೀರು ಚಳಿಗಾಲದ ಗಾಳಿಗೆ ಬಿಸಿ ಕಳೆದುಕೊಂಡೇ ಮುಳುಗುತ್ತದೆ. ಗ್ರೀನ್‌ಲ್ಯಾಂಡ್ ಮತ್ತು ಐಸ್‌ಲ್ಯಾಂಡ್ ನಡುವೆ ನೀರಿನ ಅಡಿಯಲ್ಲಿ ಒಂದು ದಿಬ್ಬ ಇದೆ. ಅದನ್ನು ದಾಟಿ ತಣ್ಣೀರು 3 ಕಿಲೋಮೀಟರ್‌ಗೂ ಜಾಸ್ತಿ ಕೆಳಕ್ಕೆ ಇಳಿಯುತ್ತದೆ. ಭೂಮಿಯ ಅತಿ ದೊಡ್ಡ ಜಲಪಾತ ಅದು. ಯಾರ ಕಣ್ಣಿಗೂ ಕಾಣುವುದಿಲ್ಲ, ಸದ್ದೂ ಇಲ್ಲ.

ಹಾಗೆ ಇಳಿದ ನೀರು ತಳದ ಗುಂಟ ತೆವಳುತ್ತದೆ. ಮೇಲಿದ್ದಾಗ ಗಾಳಿಯಿಂದ ಪಡೆದ ವಿಕಿರಣಶೀಲ ಇಂಗಾಲ ಆಳದಲ್ಲಿ ಮೆಲ್ಲಗೆ ಕ್ಷಯಿಸಿ ಕಡಿಮೆಯಾಗುತ್ತಾ ಹೋಗುತ್ತದೆ. ಎಷ್ಟು ಉಳಿದಿದೆ ಅಂತ ಅಳೆದರೆ ನೀರಿಗೆ ವಯಸ್ಸು ಹೇಳಬಹುದು. ಉತ್ತರ ಪ್ರಶಾಂತ ಸಾಗರದ ಆಳದ ನೀರು ಎಲ್ಲಕ್ಕಿಂತ ಹಳೆಯದು, ಸಾವಿರ ವರ್ಷದ ಲೆಕ್ಕದಲ್ಲಿ. ಆಮೇಲೆ ಈ ನೀರು ಮೇಲಕ್ಕೂ ಬರುತ್ತದೆ. ಬಹುಪಾಲು ಅಂಟಾರ್ಕ್ಟಿಕಾದ ಸುತ್ತ, ಅಲ್ಲಿನ ಪಶ್ಚಿಮದ ಗಾಳಿ ಮೇಲಿನ ನೀರನ್ನು ಸರಿಸಿದಾಗ ಆಳದ್ದು ಏಳುತ್ತದೆ. ಅಲ್ಲಿ ಅಡ್ಡಕ್ಕೆ ಯಾವ ಖಂಡವೂ ಇಲ್ಲ, ಹಾಗಾಗಿ ಸೆಳವು ಇಡೀ ಭೂಮಿಯನ್ನೇ ಸುತ್ತು ಹಾಕುತ್ತದೆ. ಅದು ಒಯ್ಯುವ ನೀರು ನಾವಿಕ ಸರ್ ಹೇಳಿದ ಫ್ಲೋರಿಡಾ ಲೆಕ್ಕದ ನಾಲ್ಕು ಪಟ್ಟಿಗೂ ಜಾಸ್ತಿ.

ನನಗೆ ನಿಜವಾಗಿ ಚಿಂತೆ ಇರುವುದು ಅಟ್ಲಾಂಟಿಕ್ ಬಗ್ಗೆ. 2004ರಿಂದ 26.5 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ ಸಾಲಾಗಿ ಉಪಕರಣಗಳನ್ನು ತಳಕ್ಕೆ ಕಟ್ಟಿ ಆ ಸಾಗರದಲ್ಲಿ ಮೇಲಿನ ನೀರು ಉತ್ತರಕ್ಕೆ ಹೋಗಿ, ಮುಳುಗಿ, ಆಳದಲ್ಲಿ ದಕ್ಷಿಣಕ್ಕೆ ಮರಳುವ ಪರಿಚಲನೆಯನ್ನು ಅಳೆಯುತ್ತಿದ್ದಾರೆ. ಸರಾಸರಿ ಸೆಕೆಂಡಿಗೆ ಸುಮಾರು 1 ಕೋಟಿ 70 ಲಕ್ಷ ಘನ ಮೀಟರ್. 2009-10ರಲ್ಲಿ ಅದು ಸುಮಾರು 30 ಶೇಕಡಾ ಇಳಿದು ಮತ್ತೆ ಏರಿತು. ಅಷ್ಟು ಏರುಪೇರು ಯಾರೂ ನಿರೀಕ್ಷಿಸಿರಲಿಲ್ಲ. ಗ್ರೀನ್‌ಲ್ಯಾಂಡಿನ ಮಂಜುಗಡ್ಡೆ ಕರಗಿದರೆ ಸಿಹಿನೀರು ಸೇರಿ ಮೇಲಿನ ನೀರು ಹಗುರಾಗುತ್ತದೆ, ಮುಳುಗುವುದು ಕಷ್ಟವಾಗುತ್ತದೆ. ಹಾಗಾಗಿ ಅಳೆಯುವುದನ್ನು ಒಂದು ವರ್ಷವೂ ನಿಲ್ಲಿಸಬಾರದು. ಎಲ್ಲ ಸಾಗರಗಳಲ್ಲೂ ಸೇರಿ ಸುಮಾರು 4,000 ಆರ್ಗೋ ತೇಲುಯಂತ್ರಗಳಿವೆ. ಹತ್ತು ದಿನಕ್ಕೊಮ್ಮೆ 2,000 ಮೀಟರ್ ಆಳದಿಂದ ಮೇಲೆ ಬಂದು, ಉಪಗ್ರಹಕ್ಕೆ ಲೆಕ್ಕ ಒಪ್ಪಿಸಿ, ಮತ್ತೆ ಮುಳುಗುತ್ತವೆ.

ಮಗಳಿಗೆ ಒಂದು ಪ್ರಯೋಗ. ನೀರಿಗೆ ಶಾಯಿ ಬೆರೆಸಿ ಐಸ್ ಮಾಡಿ. ಒಂದು ಗಾಜಿನ ಲೋಟದಲ್ಲಿ ಸಾದಾ ನೀರು, ಇನ್ನೊಂದರಲ್ಲಿ ಉಪ್ಪು ಚೆನ್ನಾಗಿ ಕರಗಿಸಿದ ನೀರು. ಎರಡರಲ್ಲೂ ಒಂದೊಂದು ತುಂಡು ಮೆಲ್ಲಗೆ ಬಿಡಿ. ಕಲಕಬೇಡಿ. ಏನಾಗುತ್ತದೆ ಅಂತ ನಾನು ಹೇಳುವುದಿಲ್ಲ.

ಮರಳುಗೂಡು:

ಮಾಡಿದೆವು! ಸಾದಾ ನೀರಿನಲ್ಲಿ ಬಣ್ಣ ದಾರದ ಹಾಗೆ ಇಳಿಯಿತು, ಲೋಟವೆಲ್ಲ ನೀಲಿಯಾಯಿತು. ಉಪ್ಪುನೀರಿನಲ್ಲಿ ಇಳಿಯಲೇ ಇಲ್ಲ. ಮೇಲೆ ಒಂದು ನೀಲಿ ಪದರವಾಗಿ ನಿಂತುಬಿಟ್ಟಿತು. ಐಸ್ ಕರಗಲೂ ಜಾಸ್ತಿ ಹೊತ್ತು ಹಿಡಿಯಿತು. ಮಗಳು ಬಹಳ ಹೊತ್ತು ಎರಡನೇ ಲೋಟವನ್ನೇ ನೋಡುತ್ತಿದ್ದಳು. ಆಮೇಲೆ "ಗ್ರೀನ್‌ಲ್ಯಾಂಡ್ ಹತ್ತಿರ ಹೀಗೇ ಆಗೋದಾ?" ಅಂದಳು. ಹೌದು ಅಂದೆ. ಲೋಟವನ್ನು ಕಲಕಲು ಬಿಡಲಿಲ್ಲ. ರಾತ್ರಿಯೆಲ್ಲ ಹಾಗೇ ಇಟ್ಟಿದ್ದೆವು.

ಕೊನೆಯದಾಗಿ ಅವಳದೊಂದು ಪ್ರಶ್ನೆ ನಾವಿಕ ಸರ್‌ಗೆ: ಆ ಮರದ ತುಂಡು ಈಗ ಎಲ್ಲಿರಬಹುದು?

ಹಳೇ ನಾವಿಕ:

ಪುಟ್ಟಿ, ರಿಪ್ ಅದನ್ನು ನೂರಿನ್ನೂರು ಮೀಟರ್ ಹೊರಗೆ ಬಿಟ್ಟಿರುತ್ತದೆ. ಆಮೇಲೆ ಉಬ್ಬರ ಇಳಿತ, ದಡದ ಗುಂಟದ ಸೆಳವು, ಗಾಳಿ, ಈ ಮೂವರ ಕೈಗೆ ಸಿಕ್ಕಿರುತ್ತದೆ. ಬಹುಶಃ ಸ್ವಲ್ಪ ದೂರದ ಇನ್ನೊಂದು ದಡಕ್ಕೆ ಬಂದು ಮರಳಿನ ಮೇಲೆ ಒಣಗುತ್ತಿರಬಹುದು. ಹೆಚ್ಚಿನ ಮರಗಳು ಹಾಗೆಯೇ ವಾಪಸ್ ಬರುತ್ತವೆ.

ಬರದಿದ್ದರೆ ಅದು ದೊಡ್ಡ ಸೆಳವಿಗೆ ಸೇರುತ್ತದೆ. ಆಗಲೇ ಮುಕ್ಕಾಲು ಮುಳುಗಿತ್ತು ಅಂತ ನಿಮ್ಮಮ್ಮ ಬರೆದಿದ್ದಾರೆ, ಅಂದರೆ ಬಹಳ ನೀರು ಕುಡಿದಿದೆ. ತಿಂಗಳುಗಳು ಕಳೆದ ಮೇಲೆ ಒಂದು ದಿನ ಪೂರ್ತಿ ನೆನೆದು ಮುಳುಗುತ್ತದೆ. ಬೆಳಕು ಇಲ್ಲದ, ನೀನು ಓದಿದ ಆ ಹಳೇ ತಣ್ಣೀರಿನ ತಳಕ್ಕೆ. ಅಲ್ಲಿ ಮರವನ್ನೇ ಕೊರೆದು ತಿನ್ನುವ ಚಿಕ್ಕ ಚಿಪ್ಪಿನ ಜೀವಿಗಳಿವೆ. ಮೇಲಿಂದ ಎಂದೋ ಒಂದು ಮರ ಬೀಳುತ್ತದೆ ಅಂತ ಅವುಗಳ ಮರಿಗಳು ನೀರಿನಲ್ಲಿ ಅಲೆಯುತ್ತಿರುತ್ತವೆ. ಮರ ಸಿಕ್ಕಿದ ಕೂಡಲೇ ಅಂಟಿಕೊಂಡು ಮನೆ ಮಾಡುತ್ತವೆ.

ಮುಂದಿನ ಸಲ ದಡಕ್ಕೆ ಹೋದಾಗ ಅಲೆಗಳ ನಡುವಿನ ಸೆಕೆಂಡು ಎಣಿಸಿ ಇಲ್ಲಿ ಬರೆ. ಹನ್ನೊಂದು ಅಲೆ ಎಣಿಸಿ, ಮೊದಲನೆಯದರಿಂದ ಕೊನೆಯದಕ್ಕೆ ಆದ ಹೊತ್ತನ್ನು ಹತ್ತರಿಂದ ಭಾಗಿಸು. ಆ ದಿನದ ಹವಾಮಾನ ನಕ್ಷೆ ನಾನು ಹುಡುಕುತ್ತೇನೆ. ಆ ಅಲೆ ಯಾವ ಬಿರುಗಾಳಿಯಿಂದ ಬಂತು ಅಂತ ಇಬ್ಬರೂ ಸೇರಿ ನೋಡೋಣ.